ಯಾಂಟೋ ಜೋನ್ಸ್‌ಗೆ ಅಳೋರು, ರಾಮಾಚಾರಿಗೆ ಯಾಕಿಲ್ಲ?

ಊರಿಂದ ಯಾರೇ ವೇಲ್ಸ್‌ನ ಕಾರ್ಡಿಫ್‌ಗೆ ಬಂದ್ರೂ ಮರ್ಮೇಡ್ ಕೀ ಹತ್ರ ನೀರಿನ ಪಕ್ಕ ಇರೋ ಯಾಂಟೋ ಜೋನ್ಸ್ ಸ್ಮಾರಕ ತೋರಿಸ್ತೀನಿ. ಫೋಟೋ, ಹೂವು, ಮಳೆಗೆ ನೆನೀದೇ ಇರ್ಲಿ ಅಂತ ಪ್ಲಾಸ್ಟಿಕ್ ಕವರ್‌ಗೆ ಹಾಕಿ ಸಿಕ್ಕಿಸಿರೋ ಕಾಗದಗಳು. "ಯಾರಪ್ಪ ಇವ್ರು, ಯಾವಾಗ ತೀರ್ಕೊಂಡ್ರು?" ಅಂತ ಎಲ್ರೂ ಕೇಳ್ತಾರೆ. 2009ರ ಜುಲೈನಲ್ಲಿ, ಟೀವಿಲಿ! ಟಾರ್ಚ್‌ವುಡ್ ಅನ್ನೋ ಬಿಬಿಸಿ ಸೀರಿಯಲ್ ಪಾತ್ರ ಅದು, ಮಾಡಿದ ನಟ ಗ್ಯಾರೆತ್ ಡೇವಿಡ್-ಲಾಯ್ಡ್ ಸತ್ತಿರ್ಲಿಲ್ಲ.

ಯಾಂಟೋ ಸೂಟು ಹಾಕ್ಕೊಂಡು ಎಲ್ಲರಿಗೂ ಕಾಫಿ ಮಾಡ್ಕೊಡೋ ಮೆತ್ತಗಿನ ಹುಡುಗ, ತನ್ನ ತಂಡದ ನಾಯಕ ಕ್ಯಾಪ್ಟನ್ ಜ್ಯಾಕ್‌ನ ಪ್ರೀತಿಸ್ತಾನೆ, ಆದ್ರೆ ಅವ್ನು ತನ್ನನ್ನ ಅಷ್ಟೇ ಪ್ರೀತಿಸ್ತಾನಾ ಅನ್ನೋ ಅಳುಕು ಕೊನೆವರೆಗೂ ಹೋಗಲ್ಲ, ಅವನ ತೋಳಲ್ಲೇ ಸಾಯ್ತಾನೆ. ಆ ಅಳುಕು ನಮ್ದೂ ಹೌದು ಅಂತ ಅನ್ಸಿದೋರೇ ಬೀದಿಗೆ ಬಂದು ಅತ್ತಿದ್ದು ಅಂತ ನನ್ನ ನಂಬಿಕೆ. ಅವನ್ನ ವಾಪಸ್ ತನ್ನಿ ಅಂತ ಬಿಬಿಸಿಗೆ ಕಾಫಿ ಪ್ಯಾಕೆಟ್ ಕಳ್ಸಿದ್ರು, ಅವನ ಹೆಸರಲ್ಲಿ ಮಕ್ಕಳ ಚಾರಿಟಿಗೆ ದುಡ್ಡು ಎತ್ತಿದ್ರು. ಕೆಲವ್ರು ಆ ಸೀರಿಯಲ್‌ನ ಬರಹಗಾರ ಜೇಮ್ಸ್ ಮೋರನ್‌ಗೆ ಆನ್‌ಲೈನ್‌ನಲ್ಲಿ ಬಾಯಿಗೆ ಬಂದಂಗೆ ಬೈದ್ರು, ಅದು ಪ್ರೀತಿ ಅಲ್ಲ, ಯಾವ ದುಃಖಾನೂ ಅದಕ್ಕೆ ನೆಪ ಆಗಬಾರ್ದು.

ನಮ್ಮಲ್ಲಿ ಇದು ಉಲ್ಟಾ. ನಾವು ಅಳೋದು ನಟರಿಗೆ. 2021ರಲ್ಲಿ ಅಪ್ಪು ಹೋದಾಗ ಮನೆಮಗ ಹೋದಂಗೆ ಅತ್ವಿ, ಅವ್ರು ಕಣ್ಣು ದಾನ ಮಾಡಿದ್ದು ನೋಡಿ ಎಷ್ಟೋ ಜನ ತಾವೂ ಹೆಸರು ಬರೆಸಿದ್ರು. ಅದು ದೊಡ್ಡ ವಿಷ್ಯ, ಕಮ್ಮಿ ಅಂತ ಯಾರೂ ಹೇಳೋಕಾಗಲ್ಲ. ಆದ್ರೆ ಪಾತ್ರಗಳು ಮಾತ್ರ ನಟರ ನೆರಳಲ್ಲೇ ಉಳ್ಕೊಂಡ್ವು. 1972ರ ನಾಗರಹಾವು ತಗೊಳ್ಳಿ. ರಾಮಾಚಾರಿ ಅಂದ್ರೆ ವಿಷ್ಣು ದಾದಾ ಸಿಟ್ಟು, ಆ ಸ್ಟೈಲು, ಶಿಳ್ಳೆ. ಅದೇ ರಾಮಾಚಾರಿ ಚಾಮಯ್ಯ ಮೇಷ್ಟ್ರ ಒಂದು ಮಾತಿಗೆ ಅಲಮೇಲುನ ಬಿಟ್ಕೊಡ್ತಾನಲ್ಲ, ಊರಿಗೆಲ್ಲ ಹೆಡೆ ಎತ್ತೋನು ಆ ಒಬ್ಬ ಮನುಷ್ಯನ ಮುಂದೆ ಮಗು ಥರ ಕುಸಿದುಹೋಗ್ತಾನಲ್ಲ, ಅದರ ಬಗ್ಗೆ ಅಭಿಮಾನಿಗಳು ಮಾತಾಡೋದು ನಾನು ಕೇಳಿದ್ದು ಬಹಳ ಕಮ್ಮಿ. ಗಂಡಸು ಒಡೆದುಹೋಗೋದನ್ನ ಥಿಯೇಟರ್ ಕತ್ತಲಲ್ಲಿ ನೋಡಿ ಕಣ್ಣು ಒರೆಸ್ಕೋತೀವಿ, ಹೊರಗೆ ಬಂದ್ರೆ ಜೈಕಾರ ಅಷ್ಟೇ.

ಮುಂದಿನ ಸಲ ಇಲ್ಲಿ ಕನ್ನಡದೋರೆಲ್ಲ ಸೇರಿ ನಾಗರಹಾವು ನೋಡಿದ್ರೆ ಆ ಸೀನ್ ಆದ್ಮೇಲೆ ನಿಲ್ಸಿ ಮಾತಾಡೋಣ ಅಂತ ಹೇಳಿದೀನಿ, ಮೇಷ್ಟ್ರು ಮಾಡಿದ್ದು ಸರಿನಾ ತಪ್ಪಾ ಅಂತ ಜಗಳ ಆದ್ರೂ ಆಗ್ಲಿ.