ಕೆಲಸ ರಸ್ತೆಯ ಈ ಕಡೆ, ಕಾಸು ಆ ಕಡೆ

ವಿಧಾನಸೌಧದ ಹಣೆಯ ಮೇಲೆ ‘ಸರ್ಕಾರದ ಕೆಲಸ ದೇವರ ಕೆಲಸ’ ಅಂತ ಬರೆದಿದೆ. ಕೂಲಿಯ ಬಗ್ಗೆ ಏನೂ ಬರೆದಿಲ್ಲ. ಅದಕ್ಕೆ ರಸ್ತೆ ದಾಟಿ ಎದುರಿನ ಕೆಂಪು ಕಟ್ಟಡಕ್ಕೆ, ಅಂದರೆ ಹೈಕೋರ್ಟಿಗೆ ಹೋಗಬೇಕು.

ನಮ್ಮ ಭಾವ ಹೋದರು. ಅವರು ಕಂಟ್ರಾಕ್ಟರ್, ಸರ್ಕಾರಿ ಇಲಾಖೆಯೊಂದಕ್ಕೆ ಚರಂಡಿ ಕಟ್ಟಿಸಿಕೊಟ್ಟಿದ್ದರು. ಇಲಾಖೆಯ ಜೂನಿಯರ್ ಎಂಜಿನಿಯರ್ (ಜೆಇ) ಟೇಪು ಹಿಡಿದು ಅಳೆದು ಎಂಬಿ, ಅಂದರೆ ಅಳತೆ ಪುಸ್ತಕದಲ್ಲಿ ಬರೆದರು. ಅವರ ಮೇಲಿನ ಎಂಜಿನಿಯರ್ ಎಇಇ ಚೆಕ್ ಮಾಡಿದರು. ಅವರಿಗೂ ಮೇಲಿನ ಇಇ ಬಿಲ್ ಪಾಸ್ ಮಾಡಿದರು. ಮೂರೂ ಸಹಿ ಬಿತ್ತು. ‘ಇನ್ನೇನು, ಹಣ ಬಿಡುಗಡೆಯ ಪತ್ರ, ಎಲ್‌ಒಸಿ, ಬಂದರೆ ದುಡ್ಡು’ ಅಂದರು. ಎಲ್‌ಒಸಿ ಬರಲಿಲ್ಲ, ಎರಡು ಮಳೆಗಾಲ ಬಂದು ಹೋದವು.

ಸಿವಿಲ್ ದಾವೆ ಹಾಕೋಣ ಅಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 80ರ ಪ್ರಕಾರ ಸರ್ಕಾರಕ್ಕೆ ನೋಟಿಸ್ ಕೊಟ್ಟು ಎರಡು ತಿಂಗಳು ಕಾಯಬೇಕು. ಮೊತ್ತಕ್ಕೆ ತಕ್ಕ ಕೋರ್ಟ್ ಫೀಸು ಬೇರೆ. ಬರಬೇಕಾದ ದುಡ್ಡು ಕೇಳೋಕೆ ಇಲ್ಲದ ದುಡ್ಡು ಕಟ್ಟಬೇಕು! ವಕೀಲರು ಸಂವಿಧಾನದ 226ನೇ ವಿಧಿ ತೆಗೆದರು. ‘ನೇರ ಹೈಕೋರ್ಟಿಗೆ ರಿಟ್ ಅರ್ಜಿ ಹಾಕೋಣ, ಮ್ಯಾಂಡಮಸ್, ಅಂದರೆ ಇಲಾಖೆ ತನ್ನ ಕರ್ತವ್ಯ ಮಾಡಲಿ ಅನ್ನೋ ಆದೇಶ ಕೇಳೋಣ.’ ಹೀಗೆ ಯಾರದೋ ಸೆರೆವಾಸದ ಅರ್ಜಿಯ ಪಕ್ಕದಲ್ಲೇ ಭಾವನ ಚರಂಡಿಯೂ ಕಾಸ್ ಲಿಸ್ಟಿನಲ್ಲಿ, ಅಂದರೆ ಆ ದಿನದ ಕೇಸುಗಳ ಪಟ್ಟಿಯಲ್ಲಿ ಕೂತಿತು.

ಮೊದಲ ಸುತ್ತು ಗೆದ್ದೆವು. ‘ಅರ್ಜಿದಾರರ ಮನವಿಯನ್ನು ಎಂಟು ವಾರಗಳಲ್ಲಿ ಪರಿಗಣಿಸಿ’ ಅಂತ ಆದೇಶ. ಅಕ್ಕ ಪಾಯಸ ಮಾಡಿದಳು. ಇಲಾಖೆಯವರು ಮಾತಿಗೆ ತಪ್ಪಲಿಲ್ಲ. ಎಂಟನೇ ವಾರ ಪತ್ರ ಬಂತು: ‘ಪರಿಗಣಿಸಲಾಗಿದೆ. ಅನುದಾನ ಲಭ್ಯವಿರುವುದಿಲ್ಲ.’ ಪಾಯಸ ಮಾಡುವ ಮೊದಲು ಆದೇಶದಲ್ಲಿ ‘ಕೊಡಿ’ ಅಂತ ಇದೆಯಾ ಅಂತ ನೋಡಬೇಕಿತ್ತು.

ಎರಡನೇ ರಿಟ್‌ನಲ್ಲಿ ಮಜಾ ಶುರುವಾಯಿತು. ಗುತ್ತಿಗೆಯ ವಿಷಯ ಅಂದ ಮಾತ್ರಕ್ಕೆ ರಿಟ್ ಬಾಗಿಲು ಮುಚ್ಚಬೇಕಿಲ್ಲ ಅಂತ ಸುಪ್ರೀಂ ಕೋರ್ಟ್ 2003ರಲ್ಲೇ, ಎಬಿಎಲ್ ಇಂಟರ್‌ನ್ಯಾಷನಲ್ ಕೇಸಿನಲ್ಲಿ ಹೇಳಿದೆ. ಆದರೆ ಸಂಗತಿಗಳ ಬಗ್ಗೆಯೇ ತಕರಾರಿದ್ದು ಸಾಕ್ಷಿ, ಪಾಟೀಸವಾಲು ಬೇಕು ಅಂತಾದರೆ ಹೈಕೋರ್ಟು ಸಾಮಾನ್ಯವಾಗಿ ಸಿವಿಲ್ ಕೋರ್ಟಿನ ದಾರಿ ತೋರಿಸುತ್ತೆ. ಅದೂ ಸರಿನೇ. ತೋಡದ ಚರಂಡಿಗೆ ಬಿಲ್ ಮಾಡುವ ಮಹಾನುಭಾವರೂ ನಮ್ಮಲ್ಲಿದ್ದಾರಲ್ಲ.

ಆದರೆ ಈ ಪಾಠವನ್ನು ಇಲಾಖೆಯಷ್ಟು ಶ್ರದ್ಧೆಯಿಂದ ಯಾರೂ ಓದಿಲ್ಲ. ತಕರಾರಿದ್ದರೆ ರಿಟ್ ನಿಲ್ಲಲ್ಲ ಅಲ್ವಾ? ಹಾಗಾದರೆ ಒಂದು ತಕರಾರು ತಯಾರು ಮಾಡಿದರಾಯಿತು. ಟೆಂಡರ್ ಬೇಡ, ಸಿಮೆಂಟ್ ಬೇಡ, ಅರ್ಧ ಪುಟದ ಆಕ್ಷೇಪಣೆ ಸಾಕು. ಬಂತು: ‘ಕಾಮಗಾರಿಯ ಅಳತೆಯ ಬಗ್ಗೆ ಅನುಮಾನವಿರುತ್ತದೆ.’ ಅಳೆದದ್ದು ಯಾರು? ಅವರದೇ ಜೆಇ. ಪುಸ್ತಕ ಯಾರ ಬೀರುವಿನಲ್ಲಿದೆ? ಅವರದೇ. ತಮ್ಮ ಸಹಿಯ ಮೇಲೆ ತಮಗೇ ಅನುಮಾನ! ಕೊಟ್ಟವನು ಕೋಡಂಗಿ, ಇಸ್ಕೊಂಡವನು ವೀರಭದ್ರ ಅನ್ನೋದು ಗೊತ್ತಿತ್ತು. ವೀರಭದ್ರ ಆಕ್ಷೇಪಣೆಯನ್ನೂ ಸಲ್ಲಿಸುತ್ತಾನೆ ಅಂತ ಗೊತ್ತಿರಲಿಲ್ಲ.

ಕೊನೆಗೆ ಇಲಾಖೆ ತಾನೇ ದೊಡ್ಡ ಮನಸ್ಸು ಮಾಡಿತು. ಮತ್ತೊಮ್ಮೆ ಜಂಟಿಯಾಗಿ ಅಳೆಯೋಣ ಅಂದಿತು. ಹೋದ ವಾರ ಹೊಸ ಜೆಇ ಬಂದರು. ಹಳಬರಿಗೆ ವರ್ಗ ಆಗಿದೆ. ಟೇಪು ಬಿಚ್ಚಿ ಬಗ್ಗಿ ನೋಡಿದರು. ಎರಡು ಮಳೆಗಾಲದ ಹೂಳು, ಅದರ ಮೇಲೆ ಯಾರೋ ಎಸೆದ ಹಾಸಿಗೆ. ‘ತಳವೇ ಕಾಣ್ತಿಲ್ಲ ಸಾರ್, ಆಳ ಎಷ್ಟಂತ ಬರೀಲಿ?’ ಅಂತ ಟೇಪು ಸುತ್ತಿಕೊಂಡು ಹೊರಟರು.

ಈಗ ಹೂಳೆತ್ತುವುದಕ್ಕೆ ಟೆಂಡರ್ ಕರೆದಿದ್ದಾರೆ. ಭಾವ ಅಕ್ಕನ ಬಳೆ ಅಡ ಇಟ್ಟು ಟೆಂಡರ್ ಠೇವಣಿ (ಇಎಂಡಿ) ಕಟ್ಟಿದ್ದಾರೆ. ವಕೀಲರ ಆಫೀಸು ದಾರಿಯಲ್ಲೇ ಇತ್ತಂತೆ, ವಕಾಲತ್ತಿಗೂ ಸಹಿ ಹಾಕಿ ಬಂದಿದ್ದಾರೆ.