ನಿಂಬೆಹಣ್ಣು ಎಲ್ಲಿ ಹೋಯಿತು?

ನಾಲ್ಕು ದಿನ ಆಯಿತು, ಸಿಟ್ಟು ಇಳಿದಿಲ್ಲ. ಮನೆಯಲ್ಲಿ ಹೇಳಿ ಮುಗಿದಿದೆ. ಇವರು "ಹೂಂ, ಹೂಂ" ಅಂದು ಪೇಪರ್ ಓದಿದರು. ಹಾಗಾಗಿ ಇಲ್ಲಿ ಬರೆಯುತ್ತಿದ್ದೇನೆ. ಉದ್ದ ಆಗ್ತದೆ, ಪುರುಸೊತ್ತಿದ್ದವರು ಓದಿ.

ಕಳೆದ ಗುರುವಾರ ಮಂಗಳೂರಲ್ಲಿ ಡಿಸಿ ರಜೆ. ನಿಮಗೆ ಗೊತ್ತಲ್ಲ, ರಜೆ ಕೊಟ್ಟ ಕೂಡಲೇ ಮಳೆ ನಿಲ್ಲುವುದು ನಮ್ಮ ಜಿಲ್ಲೆಯ ಸಂಪ್ರದಾಯ. ಬಿಸಿಲು ಬಂದದ್ದೇ ನೆಪ ಮಾಡಿಕೊಂಡು ಒಂದು ಡಬ್ಬಿ ಪತ್ರೊಡೆ ಹಿಡಿದು ಬಿಜೈಯಲ್ಲಿರುವ ತಂಗಿಯ ಮನೆಗೆ ಹೋದೆ. ಅವಳ ಮಗಳು, ನಮ್ಮ ಪುಟ್ಟಿ, ನೆಲದಲ್ಲಿ ಬೋರಲು ಮಲಗಿ ಪುಸ್ತಕ ಓದುತ್ತಿದ್ದಳು. ಮುಖಪುಟ ನೋಡಿದೆ. ನಾಲ್ಕು ಹುಡುಗಿಯರು. 'ಲಿಟಲ್ ವಿಮೆನ್'! ನನ್ನ ಖುಷಿ ಕೇಳಬೇಡಿ. ಶಾಲೆಯಲ್ಲಿ ರಜೆಯ ಓದು ಅಂತ ಕೊಟ್ಟದ್ದಂತೆ. ಪರವಾಗಿಲ್ವೇ ಶಾಲೆ, ಅಂದುಕೊಂಡೆ.

ಪತ್ರೊಡೆ ತಟ್ಟೆಗೆ ಹಾಕಿ ಬರುವಷ್ಟರಲ್ಲಿ ಪುಸ್ತಕ ಸೋಫಾದ ಮೇಲೆ ಬಿದ್ದಿತ್ತು.

"ಎಂತ, ಬೋರಾಯ್ತಾ?"

"ಮುಗೀತು ದೊಡ್ಡಮ್ಮ. ಎಂತ ಇಲ್ಲ ಇದರಲ್ಲಿ. ಒಬ್ಬಳು ಸಾಯ್ತಾಳೆ, ಉಳಿದವರಿಗೆ ಮದುವೆ ಆಗ್ತದೆ."

ಮುಗೀತಾ? ನನಗೆ ಆ ಪುಸ್ತಕ ಓದಲು ಒಂದು ಬೇಸಿಗೆ ಮತ್ತು ಒಂದು ಮಳೆಗಾಲ ಹಿಡಿದಿತ್ತು. ತೆಗೆದು ನೋಡಿದೆ. ಎಂಬತ್ತು ಪುಟ. ಅದರಲ್ಲಿ ಅರ್ಧ ಚಿತ್ರ. ಮೂಲದಲ್ಲಿ 47 ಅಧ್ಯಾಯ ಉಂಟು ಮಾರಾಯ್ರೆ.

"ನಿಂಬೆಹಣ್ಣಿನ ಕತೆ ಚೆಂದ ಇತ್ತಲ್ವಾ?" ಅಂತ ಕೇಳಿದೆ.

"ಯಾವ ನಿಂಬೆಹಣ್ಣು?"

ನನ್ನ ತಲೆ ಕೆಟ್ಟದ್ದು ಅಲ್ಲಿಂದ.

ಓದದವರಿಗೆ ಹೇಳುತ್ತೇನೆ. ಅಮೆರಿಕದ ಒಂದು ಮನೆಯ ನಾಲ್ಕು ಅಕ್ಕತಂಗಿಯರ ಕತೆ ಇದು. ಮನೆಯ ಕೊನೆಯ ಹುಡುಗಿ ಎಮಿ. ಹನ್ನೆರಡು ವರ್ಷ, ಸರಿಯಾಗಿ ನಮ್ಮ ಪುಟ್ಟಿಯ ಪ್ರಾಯ. ಅವಳ ಕ್ಲಾಸಲ್ಲಿ ಉಪ್ಪಿನಲ್ಲಿ ಹಾಕಿದ ನಿಂಬೆಹಣ್ಣಿನ ಹುಚ್ಚು. ಎಲ್ಲರೂ ಒಬ್ಬರಿಗೊಬ್ಬರು ಕೊಡುವುದು, ಡೆಸ್ಕಿನ ಅಡಿಯಲ್ಲಿ ಚೀಪುವುದು. ಎಮಿ ತಿಂದಿದ್ದಾಳೆ, ತಿರುಗಿ ಕೊಟ್ಟಿಲ್ಲ. ಹನ್ನೆರಡು ನಿಂಬೆಹಣ್ಣು ಸಾಲ. ಮರ್ಯಾದೆ ಪ್ರಶ್ನೆ. ಅಕ್ಕ ಮೆಗ್ ಪಾಪ ಅಂತ ಕಾಲು ಡಾಲರ್ ಕೊಡುತ್ತಾಳೆ. ಎಮಿ ಇಪ್ಪತ್ತೈದು ತಂದು, ದಾರಿಯಲ್ಲಿ ಒಂದನ್ನು ತಿಂದು, ಇಪ್ಪತ್ತನಾಲ್ಕನ್ನು ಡೆಸ್ಕಲ್ಲಿ ಇಡುತ್ತಾಳೆ. ಯಾರೋ ಚಾಡಿ ಹೇಳುತ್ತಾಳೆ. ಮೇಷ್ಟ್ರು ಎರಡೆರಡೇ ಹಣ್ಣನ್ನು ಕಿಟಕಿಯಿಂದ ಹೊರಗೆ ಎಸೆಯಲು ಹೇಳಿ, ಅಂಗೈಗೆ ಹೊಡೆದು, ಇಡೀ ಕ್ಲಾಸಿನ ಎದುರು ನಿಲ್ಲಿಸುತ್ತಾರೆ.

ಇದು ನಮಗೆ ಅಡಿಟಿಪ್ಪಣಿ ಬೇಕಾದ ವಿಷಯವಾ? ಕಂಪಾಸ್ ಪೆಟ್ಟಿಗೆಯಲ್ಲಿ ಉಪ್ಪು-ಮೆಣಸಿನ ಪುಡಿ ಕಟ್ಟಿಕೊಂಡು ಹೋದವರು ನಾವು. ಬಿಂಬುಳಿಗೆ, ಅಂಬಟೆಗೆ, ನೆಲ್ಲಿಕಾಯಿಗೆ ಸಾಲ ಮಾಡಿದವರು. ಅಮೆರಿಕದ ಮಗುವಿಗಾದರೆ ಈಗ "ಉಪ್ಪಿನಲ್ಲಿ ಹಾಕಿದ ನಿಂಬೆ ಅಂದರೆ ಏನು" ಅಂತ ವಿವರಿಸಬೇಕು. ನಮ್ಮ ಮಗುವಿಗೆ ಓದುವಾಗಲೇ ಬಾಯಲ್ಲಿ ನೀರು ಬರ್ತದೆ. ಅದನ್ನೇ ಕತ್ತರಿಸಿ ಎಸೆದಿದ್ದಾರೆ! ಯಾಕಂದರೆ ಅದರಿಂದ "ಕತೆ ಮುಂದೆ ಹೋಗುವುದಿಲ್ಲ".

ಮತ್ತೆ ಹುಡುಕಿದೆ. ಎರಡನೆಯ ಅಕ್ಕ ಜೋ ಕೂದಲು ಮಾರುವುದು ಉಂಟು. ಅಪ್ಪನಿಗೆ ಹುಷಾರಿಲ್ಲ, ಅಮ್ಮ ಹೊರಡಬೇಕು, ದುಡ್ಡಿಲ್ಲ. ಜೋ ಹೋಗಿ ಉದ್ದ ಕೂದಲು ಕತ್ತರಿಸಿ 25 ಡಾಲರ್ ತರುತ್ತಾಳೆ. ಎಂಬತ್ತು ಪುಟದ ಪುಸ್ತಕದಲ್ಲಿ ಇದಕ್ಕೆ ಇಡೀ ಪುಟದ ಬಣ್ಣದ ಚಿತ್ರ. ಕೆಳಗೆ 'ಜೋ ಮಾಡಿದ ತ್ಯಾಗ'. ಆ ರಾತ್ರಿ ಎಂತ ಆಯಿತು ಅನ್ನುವುದು ಇಲ್ಲ. ಮೂಲದಲ್ಲಿ ರಾತ್ರಿ ಮೆಗ್‌ಗೆ ನಿದ್ದೆ ಬಂದಿಲ್ಲ. ಪಕ್ಕದಲ್ಲಿ ಬಿಕ್ಕುವ ಸದ್ದು. ಕೈ ಚಾಚಿದರೆ ಒದ್ದೆ ಕೆನ್ನೆ. ಅಪ್ಪನನ್ನು ನೆನೆದು ಅಳುತ್ತಿದ್ದೀಯಾ ಅಂದರೆ, ಈಗ ಅಲ್ಲ ಅನ್ನುತ್ತಾಳೆ. ಮತ್ತೆ ಯಾಕೆ? ಕೂದಲಿಗೆ. ತನ್ನ ಕೂದಲಿಗೆ ಅಳುತ್ತಿದ್ದಾಳೆ ಹುಡುಗಿ.

ತ್ಯಾಗ ಇಟ್ಟುಕೊಂಡು ಅಳು ತೆಗೆದಿದ್ದಾರೆ. ನನ್ನ ದೂರು ಇಷ್ಟೇ. ಇನ್ನು ಮುಂದೆ ಬರೆಯುವುದೆಲ್ಲ ಇದನ್ನೇ ತಿರುಗಿಸಿ ಮುರುಗಿಸಿ ಹೇಳುವುದು, ಬೇಜಾರಾದವರು ಇಲ್ಲಿಗೇ ಬಿಡಬಹುದು.

ಕೊನೆಯ ಪುಟದಲ್ಲಿ ಪ್ರಶ್ನೆ ಬೇರೆ. "ಈ ಕತೆಯಿಂದ ನೀನು ಏನು ಕಲಿತೆ?" ಪುಟ್ಟಿ ಬರೆದಿದ್ದಾಳೆ, "ಅಕ್ಕತಂಗಿಯರು ಪ್ರೀತಿಯಿಂದ ಇರಬೇಕು." ಬರೆದು ಹತ್ತು ನಿಮಿಷ ಆಗಿಲ್ಲ, ಚಾರ್ಜರಿಗಾಗಿ ಅಣ್ಣನ ಕೈಗೆ ಉಗುರು ಹಾಕಿದ್ದಾಳೆ. ಪ್ರಶ್ನೆಗೆ ಸರಿಯಾದ ಉತ್ತರ ಯಾವುದು ಅಂತ ಅವಳಿಗೆ ಗೊತ್ತುಂಟು, ಅಷ್ಟೆ.

ಈಗ ಸ್ವಲ್ಪ ಹಿಂದಿನ ಕತೆ. ನಮ್ಮ ಮನೆ ನಿಮಗೆಲ್ಲ ಗೊತ್ತು, ಕಟಪಾಡಿಯ ಹತ್ತಿರ, ಅಂಗಳದಲ್ಲಿ ಬಾವಿ, ಮೂರು ಹೆಣ್ಣುಮಕ್ಕಳು, ನಾನು ನಡುವಿನವಳು. ಅಪ್ಪ ಮುಂಬೈಯಲ್ಲಿ, ಮಾಟುಂಗದ ಒಂದು ಹೋಟೆಲಿನ ಕ್ಯಾಶಲ್ಲಿ. ವರ್ಷಕ್ಕೆ ಒಮ್ಮೆ ಬರುತ್ತಿದ್ದರು. ಉಳಿದ ಹನ್ನೊಂದು ತಿಂಗಳು ಇನ್‌ಲ್ಯಾಂಡ್ ಲೆಟರ್ ಮತ್ತು ಮನಿಯಾರ್ಡರ್. ಅಮ್ಮ ಬೀಡಿ ಕಟ್ಟುತ್ತಿದ್ದರು. ಒಂದು ಸಲ ಅಪ್ಪ ಟ್ರಂಕಿನಿಂದ ಸೋಪು, ಪೌಡರು, ರಿಬ್ಬನ್ ಎಲ್ಲ ತೆಗೆದ ಮೇಲೆ ಅಡಿಯಿಂದ ಒಂದು ದಪ್ಪ ಪುಸ್ತಕ ತೆಗೆದರು. ಫುಟ್‌ಪಾತಲ್ಲಿ ತಗೊಂಡದ್ದು. ಅಪ್ಪನಿಗೆ ಇಂಗ್ಲಿಷ್ ಬರುತ್ತಿರಲಿಲ್ಲ. "ಚಿತ್ರದಲ್ಲಿ ನಾಲ್ಕು ಹುಡುಗಿಯರು ಇದ್ದರು. ನಮ್ಮಲ್ಲಿ ಮೂರು. ಒಬ್ಬಳು ಜಾಸ್ತಿ, ಪರವಾಗಿಲ್ಲ ಅಂತ ತಂದೆ" ಅಂದರು.

ಕನ್ನಡ ಮೀಡಿಯಂ ಹುಡುಗಿ ನಾನು. ಡಿಕ್ಷನರಿ ಪಕ್ಕದಲ್ಲಿಟ್ಟು ಓದಿದೆ. ಮೊದಲ ದಿನ ಒಂದೂವರೆ ಪುಟ. ಆದರೆ ಆ ಒಂದೂವರೆ ಪುಟದಲ್ಲೇ ಸಿಕ್ಕಿಬಿದ್ದೆ. ಹಬ್ಬಕ್ಕೆ ಉಡುಗೊರೆ ಇಲ್ಲ ಅಂತ ನಾಲ್ಕೂ ಜನ ಗೊಣಗುತ್ತಿದ್ದಾರೆ. ಅಪ್ಪ ಮನೆಯಲ್ಲಿಲ್ಲ, ಯುದ್ಧಕ್ಕೆ ಹೋಗಿದ್ದಾರೆ. ನಮ್ಮಪ್ಪ ಯುದ್ಧಕ್ಕೆ ಹೋಗಿರಲಿಲ್ಲ, ಇಡ್ಲಿ-ವಡೆಯ ಬಿಲ್ ತೆಗೆದುಕೊಳ್ಳುತ್ತಿದ್ದರು. ಆದರೆ ಹನ್ನೊಂದು ತಿಂಗಳು ಅಪ್ಪ ಇಲ್ಲದ ಮನೆ ಅಂದರೆ ಏನು ಅಂತ ಇದನ್ನು ಬರೆದ ಹೆಂಗಸಿಗೆ ಹೇಗೆ ಗೊತ್ತಾಯಿತು ಅಂತ ಆಶ್ಚರ್ಯ ಆಗಿತ್ತು.

ಲೂಯಿಸಾ ಮೇ ಆಲ್ಕಾಟ್‌ಗೆ ಗೊತ್ತಾದದ್ದು ಅವರ ಮನೆಯಲ್ಲೂ ನಾಲ್ಕು ಜನ ಇದ್ದದ್ದರಿಂದ. ಆನಾ, ಲೂಯಿಸಾ, ಎಲಿಜಬೆತ್, ಮೇ. ಎಲಿಜಬೆತ್ 1858ರಲ್ಲಿ ನಿಜವಾಗಿಯೂ ತೀರಿಕೊಂಡಳು, ಪುಸ್ತಕದಲ್ಲಿ ಅವಳೇ ಬೆತ್. ಪ್ರಕಾಶಕರು ಹುಡುಗಿಯರಿಗೊಂದು ಪುಸ್ತಕ ಬರೆಯಿರಿ ಅಂತ ಹಿಂದೆ ಬಿದ್ದದ್ದಕ್ಕೆ, ಮನಸ್ಸಿಲ್ಲದ ಮನಸ್ಸಿನಿಂದ ಕೂತು ಬರೆದರು. ಮೊದಲ ಭಾಗ 1868ರಲ್ಲಿ ಬಂತು. ಓದಿದ ಹುಡುಗಿಯರು ರಾಶಿ ಕಾಗದ ಬರೆದು ಕೇಳಿದ್ದು ಎಂತ ಗೊತ್ತಾ? ಯಾರು ಯಾರನ್ನು ಮದುವೆ ಆಗ್ತಾರೆ ಅಂತ. ಹೆಂಗಸಿನ ಜೀವನಕ್ಕೆ ಅದೊಂದೇ ಗುರಿಯಾ ಅಂತ ಆಲ್ಕಾಟ್ ಡೈರಿಯಲ್ಲಿ ಸಿಡಿಮಿಡಿಗೊಂಡಿದ್ದಾರೆ. ಯಾರನ್ನು ಖುಷಿಪಡಿಸಲಿಕ್ಕೂ ಜೋಗೆ ಪಕ್ಕದ ಮನೆಯ ಹುಡುಗ ಲಾರಿಯ ಜೊತೆ ಮದುವೆ ಮಾಡಿಸುವುದಿಲ್ಲ ಅಂತ ಹಟ ಹಿಡಿದು, 1869ರ ಎರಡನೇ ಭಾಗದಲ್ಲಿ ಹಾಗೆಯೇ ಮಾಡಿದರು. ಅಷ್ಟು ಸಿಟ್ಟಿನ ಹೆಂಗಸಿನ ಪುಸ್ತಕ ಇಷ್ಟು ವರ್ಷದ ನಂತರ ಬಿಜೈಯ ಒಂದು ಫ್ಲಾಟಲ್ಲಿ "ಒಬ್ಬಳು ಸಾಯ್ತಾಳೆ, ಉಳಿದವರಿಗೆ ಮದುವೆ" ಆಗಿದೆ. ಚಪ್ಪಾಳೆ.

ತಂಗಿಯ ವಾದ ಕೇಳಿ. "ಈಗಿನ ಮಕ್ಕಳು ಅಷ್ಟು ದಪ್ಪ ಓದ್ತಾರಾ ಅಕ್ಕಾ? ಏನೂ ಓದದೆ ಇರುವುದಕ್ಕಿಂತ ಇದಾದರೂ ಓದಲಿ. ರಾತ್ರಿಯಿಡೀ ಆಡುತ್ತಿದ್ದ ಯಕ್ಷಗಾನವೇ ಕಾಲಮಿತಿ ಆಗಿದೆ." ಒಳ್ಳೆ ವಾದ, ಒಪ್ಪಿದೆ. ಎರಡು ಸೆಕೆಂಡ್. ಕಾಲಮಿತಿ ಆಟದಲ್ಲಿ ಹಾಸ್ಯಗಾರನನ್ನು ಮನೆಗೆ ಕಳಿಸ್ತಾರಾ? ಒಡ್ಡೋಲಗ ಇಲ್ಲ, ಹಾಸ್ಯ ಇಲ್ಲ, ವೇಷ ಬಂತು, ಯುದ್ಧ ಆಯಿತು, ಮಂಗಳ ಪದ, ಏಳಿ ಮನೆಗೆ ಅಂದರೆ ಕುರ್ಚಿ ಎಸೀತಾರೆ ನಮ್ಮ ಜನ. ದಪ್ಪ ಪುಸ್ತಕದ ಮಾತಿಗೆ ಬಂದರೆ, ನಮ್ಮ ಕರಾವಳಿಯವರೇ ಆದ ಶಿವರಾಮ ಕಾರಂತಜ್ಜ ಮಕ್ಕಳಿಗೆ ಅಂತಲೇ 'ಬಾಲಪ್ರಪಂಚ' ವಿಶ್ವಕೋಶವನ್ನು ಮೂರು ಸಂಪುಟ ಮಾಡಿದರು. ಮಕ್ಕಳು ಹೆದರುತ್ತಾರೆ ಅಂತ ಅವರಿಗೆ ಅನಿಸಿರಲಿಲ್ಲ.

ಮೂಲದಲ್ಲೂ ಉಪದೇಶ ಜಾಸ್ತಿ ಅಂತ ನೀವು ಹೇಳಬಹುದು. ಉಂಟು. ಅಮ್ಮ ಬಾಯಿ ತೆರೆದರೆ ಬುದ್ಧಿಮಾತು. ಕೆಲವು ಪುಟ ನಾನೂ ಹಾರಿಸಿದ್ದೇನೆ, ಸುಳ್ಳು ಯಾಕೆ. ಆದರೆ ಹಾರಿಸಿದ್ದು ನಾನು. ನನ್ನ ಪರವಾಗಿ ಬೇರೆ ಯಾರೋ ಹಾರಿಸಿ ಕೊಟ್ಟದ್ದಲ್ಲ. ತಮಾಷೆ ಏನೆಂದರೆ ಇವರು ಉಪದೇಶ ಮಾತ್ರ ಇಟ್ಟುಕೊಂಡಿದ್ದಾರೆ.

ಅದೇ ಅಮ್ಮ ಒಂದು ಕಡೆ ಮಗಳ ಹತ್ತಿರ ಹೇಳುತ್ತಾಳೆ, ನನಗೆ ಹೆಚ್ಚುಕಡಿಮೆ ದಿನಾ ಸಿಟ್ಟು ಬರ್ತದೆ ಅಂತ. ನಲವತ್ತು ವರ್ಷದಿಂದ ಅದನ್ನು ಕಳೆಯಲು ನೋಡುತ್ತಿದ್ದೇನೆ, ತಡೆದಿಟ್ಟುಕೊಳ್ಳಲು ಮಾತ್ರ ಆಗಿದೆ ಅಂತ. ಗಂಡ ತುಟಿಗೆ ಬೆರಳಿಟ್ಟು ಸನ್ನೆ ಮಾಡುತ್ತಿದ್ದನಂತೆ, ಅವಳು ಎದ್ದು ಹೊರಗೆ ಹೋಗುತ್ತಿದ್ದಳಂತೆ. (ಆ ಬೆರಳಿನ ವಿಷಯ ಬಂದಾಗಲೆಲ್ಲ ನನಗೆ ಆ ಗಂಡಸಿನ ಮೇಲೆ ಮೈ ಉರಿಯುತ್ತದೆ. ಅದು ಬೇರೆ ಪೋಸ್ಟ್.) ಇದನ್ನು ಓದಿದ ದಿನ ನಾನು ಪುಸ್ತಕ ಕೆಳಗಿಟ್ಟು ಜಗಲಿಯಲ್ಲಿದ್ದ ನಮ್ಮಮ್ಮನನ್ನು ನೋಡಿದೆ. ಮಡಿಲಲ್ಲಿ ತಡ್ಪೆ (ಮೊರ), ತಡ್ಪೆಯಲ್ಲಿ ಎಲೆ, ಹೊಗೆಸೊಪ್ಪು, ನೂಲು. ಅಮ್ಮ ನಮಗೆ ಜೋರಾಗಿ ಬೈದದ್ದೇ ಕಡಿಮೆ. ಆದರೆ ಎಲೆ ಕತ್ತರಿಸುವ ಕತ್ತರಿಯ ಸದ್ದು ಕೆಲವು ದಿನ ಬೇರೆ ಇರುತ್ತಿತ್ತು. ಮಾಮೂಲಿ ದಿನ ಕಚ್... ಕಚ್... ಅಂತ. ಕೆಲವು ದಿನ ಕಚಕಚಕಚ. ಮನಿಯಾರ್ಡರ್ ತಡವಾದ ದಿನ, ಬೀಡಿ ಬ್ರಾಂಚಲ್ಲಿ ಕಟ್ಟು ಸರಿಯಿಲ್ಲ ಅಂತ ತಿರುಗಿ ಕಳಿಸಿದ ದಿನ. ಆ ಕತ್ತರಿ ಸಿಟ್ಟಿನದ್ದು ಅಂತ ನನಗೆ ಅರ್ಥ ಆದದ್ದು ಮ್ಯಾಸಚೂಸೆಟ್ಸಿನ ಒಬ್ಬಳು ಹೇಳಿದ ಮೇಲೆ. ಎಂಬತ್ತು ಪುಟದಲ್ಲಿ ಇದಕ್ಕೆ ಜಾಗ ಇಲ್ಲ.

ಇದೊಂದೇ ಪುಸ್ತಕದ ಕತೆಯಲ್ಲ, ಅಕ್ಕತಂಗಿಯರ ಬೇರೆ ಪುಸ್ತಕಗಳನ್ನೂ ನೋಡಿ. ಬೆವರ್ಲಿ ಕ್ಲಿಯರಿಯ 'ಬೀಜಸ್ ಆಂಡ್ ರಮೋನಾ' 1955ರದ್ದು. ಅದರಲ್ಲಿ ನಾಲ್ಕು ವರ್ಷದ ರಮೋನಾ ಪೆಟ್ಟಿಗೆಯ ಸೇಬುಗಳನ್ನು ತೆಗೆದು ಒಂದೊಂದಕ್ಕೂ ಒಂದೇ ಒಂದು ಸಲ ಕಚ್ಚಿಡುತ್ತಾಳೆ, ಮೊದಲ ಕಚ್ಚಿಗೇ ರುಚಿ ಜಾಸ್ತಿ ಅಂತೆ. ಅಕ್ಕ ಬೀಜಸ್‌ಗೆ ಇರುವ ದೊಡ್ಡ ಸಂಕಟ, ತನಗೆ ತಂಗಿಯ ಮೇಲೆ ಯಾವಾಗಲೂ ಪ್ರೀತಿ ಬರುವುದಿಲ್ಲವಲ್ಲ ಅಂತ. ಅಮ್ಮ ಮತ್ತು ಚಿಕ್ಕಮ್ಮ ಅದನ್ನು ಕೇಳಿ ತಮ್ಮ ಹಳೆಯ ಜಗಳ ನೆನೆದು ನಗುತ್ತಾರೆ. ಸಿಡ್ನಿ ಟೇಲರ್ 1951ರಲ್ಲಿ ಬರೆದ ಐದು ಅಕ್ಕತಂಗಿಯರ ಮನೆಯಲ್ಲಿ ಧೂಳು ಒರೆಸುವುದಕ್ಕೆ ಯಾರಿಗೂ ಮನಸ್ಸಿಲ್ಲ. ಅಮ್ಮ ಕೋಣೆಯಲ್ಲಿ ಅಲ್ಲಲ್ಲಿ ಗುಂಡಿ ಅಡಗಿಸಿಡುತ್ತಾಳೆ, ಅಂಗಿಯ ಗುಂಡಿ. ಎಲ್ಲ ಸಿಕ್ಕಿದರೆ ಸರಿಯಾಗಿ ಒರೆಸಿದ ಹಾಗೆ. ಇವನ್ನು ಎಂಬತ್ತು ಪುಟಕ್ಕೆ ಇಳಿಸುವವರು ಮೊದಲು ತೆಗೆಯುವುದು ಸೇಬನ್ನು ಮತ್ತು ಗುಂಡಿಯನ್ನು. ತೆಗೆದ ಮೇಲೆ ಉಳಿಯುವುದೆಂತ? ಬೆಳಗ್ಗೆ ಎದ್ದರು, ದೊಡ್ಡವರಾದರು.

ನನಗೆ ಇಷ್ಟು ತಾಗಿದ್ದು ಯಾಕೆ ಅಂತ ಹೇಳಿಯೇ ಬಿಡುತ್ತೇನೆ. ಈ ಪುಸ್ತಕ ಓದಿದ ಹೆಂಗಸರೆಲ್ಲ "ನಾನು ಜೋ" ಅಂತಾರೆ. ಬರೆಯುವವಳು, ಹಟಮಾರಿ, ಧೈರ್ಯವಂತೆ. ನಾನೂ ನಲವತ್ತು ವರ್ಷ ಹಾಗೇ ಹೇಳಿಕೊಂಡು ಬಂದಿದ್ದೇನೆ. ಸುಳ್ಳು. ನಾನು ಎಮಿ.

ಎಂಟನೇ ಅಧ್ಯಾಯದಲ್ಲಿ ಅಕ್ಕಂದಿರು ನಾಟಕಕ್ಕೆ ಹೋಗುತ್ತಾರೆ, ಎಮಿಯನ್ನು ಬಿಟ್ಟು. ಎಮಿ ಜೋ ಬರೆದಿಟ್ಟ ಕತೆಗಳ ಪುಸ್ತಕವನ್ನು ಬೆಂಕಿಗೆ ಹಾಕುತ್ತಾಳೆ. ಹಲವು ವರ್ಷದ ಬರವಣಿಗೆ. ಅಲ್ಲಿಗೆ ಬಂದಾಗ ನಾನು ಪುಸ್ತಕ ಮುಚ್ಚಿ ಎರಡು ದಿನ ಮುಟ್ಟಲಿಲ್ಲ. ಯಾಕೆಂದರೆ ಹಿಂದಿನ ವರ್ಷವಷ್ಟೇ ನಮ್ಮಕ್ಕ ಗೆಳತಿಯರ ಜೊತೆ ಮೇಳದ ಆಟಕ್ಕೆ ಹೋಗಿದ್ದಳು, "ನೀನು ನಡುರಾತ್ರಿ ನಿದ್ದೆ ಮಾಡ್ತಿ, ಹೊತ್ತುಕೊಂಡು ಬರಲಿಕ್ಕೆ ಯಾರಿದ್ದಾರೆ" ಅಂತ ನನ್ನನ್ನು ಬಿಟ್ಟು. ಅವಳ ಹತ್ತಿರ ಒಂದು ಹಾಡಿನ ನೋಟ್‌ಬುಕ್ ಇತ್ತು. ರೇಡಿಯೋದಲ್ಲಿ ಹಾಡು ಬರುವಾಗ ಅರ್ಧರ್ಧ ಸಾಲು ಬರೆದು, ಮತ್ತೆ ಯಾವತ್ತೋ ಬಂದಾಗ ಉಳಿದದ್ದು ತುಂಬಿಸಿ ಮಾಡಿದ್ದು. ಪಲ್ಲವಿ ಕೆಂಪಿನಲ್ಲಿ, ಚರಣ ನೀಲಿಯಲ್ಲಿ. ನಾನು ಅದನ್ನು ಬಾವಿಗೆ ಹಾಕಿದೆ.

ಅದು ಮುಳುಗಲಿಲ್ಲ. ತೇಲಿತು. ಮುಳುಗುತ್ತದೆ ಅಂದುಕೊಂಡಿದ್ದೆ, ಅದು ಪುಟ ಬಿಡಿಸಿಕೊಂಡು ನೀರಿನ ಮೇಲೆ ಮಲಗಿತ್ತು. ಬೆಳಿಗ್ಗೆ ಅಮ್ಮ ಕೊಡಪಾನ ಇಳಿಸಿದಾಗ ಸಿಕ್ಕಿತು. ಕೆಂಪೂ ನೀಲಿಯೂ ಸೇರಿ ಒಂದು ನೇರಳೆ ಬಣ್ಣ. ಅಕ್ಕ ಅದನ್ನು ಬೀಡಿ ಎಲೆ ಒಣಗಿಸುವ ಹಾಗೆ ಹಾಳೆ ಹಾಳೆ ಬಿಡಿಸಿ ಜಗಲಿಯಲ್ಲಿ ಹರಡಿದಳು. ಒಂದು ಮಾತಾಡಲಿಲ್ಲ. ಒಂದು ತಿಂಗಳು ಮಾತಾಡಲಿಲ್ಲ.

ನಾನು ಕೆಟ್ಟವಳು, ಪ್ರಪಂಚದಲ್ಲಿ ಹೀಗೆ ಮಾಡಿದವಳು ನಾನೊಬ್ಬಳೇ ಅಂತ ನಂಬಿಕೊಂಡಿದ್ದವಳಿಗೆ ಎಂಟನೇ ಅಧ್ಯಾಯ ಸಿಕ್ಕಿತ್ತು. ಅದೂ ಎಂಬತ್ತು ಪುಟದಲ್ಲಿ ಇಲ್ಲ, ನೋಡಿದೆ.

ಮರುದಿನ ನನ್ನ ಹಳೇ ಪುಸ್ತಕವನ್ನು ಎರಡು ಪ್ಲಾಸ್ಟಿಕ್ಕಲ್ಲಿ ಸುತ್ತಿ ಎಕ್ಸ್‌ಪ್ರೆಸ್ ಹತ್ತಿದೆ. ಪಡುಬಿದ್ರಿಯಿಂದ ಸುರತ್ಕಲ್ ತನಕ ಬಸ್ಸಿನ ಕಿಟಕಿ ಸೋರುತ್ತಿತ್ತು, ಪುಸ್ತಕವನ್ನು ಸೆರಗಿನೊಳಗೆ ಇಟ್ಟುಕೊಂಡು ಕೂತೆ. ಪುಟ್ಟಿಗೆ ಕೊಟ್ಟು, ನಿಂಬೆಹಣ್ಣಿನ ಅಧ್ಯಾಯ ಮಾತ್ರ ಓದು, ಬೇಡ ಅನಿಸಿದರೆ ಬಿಡು ಅಂದೆ.

ನಿನ್ನೆ ರಾತ್ರಿ ಫೋನ್ ಮಾಡಿದಳು. ನಿಂಬೆಹಣ್ಣು ದಾಟಿ ಎಂಟಕ್ಕೆ ಬಂದಿದ್ದಾಳೆ. (ಅದೇ ಅಧ್ಯಾಯದಲ್ಲಿ ಮುಂದೆ ಎಮಿ ಹೆಪ್ಪುಗಟ್ಟಿದ ನದಿಯ ಐಸು ಒಡೆದು ನೀರಿಗೆ ಬೀಳುತ್ತಾಳೆ.) "ದೊಡ್ಡಮ್ಮ, ಎಮಿ ಪುಸ್ತಕ ಸುಟ್ಟದ್ದು ತಪ್ಪೇ. ಆದರೆ ಐಸು ತೆಳ್ಳಗೆ ಉಂಟು ಅಂತ ಜೋಗೆ ಗೊತ್ತಿತ್ತಲ್ಲ, ಯಾಕೆ ಹೇಳಲಿಲ್ಲ? ಅವಳದ್ದು ಜಾಸ್ತಿ ತಪ್ಪಲ್ವಾ?" ಅರ್ಧ ಗಂಟೆ ಜಗಳ ಮಾಡಿದೆವು. ಅವಳು ಎಮಿ ಪರ.

ಫೋನ್ ಇಟ್ಟ ಮೇಲೆ ಸುಮ್ನೆ ಕೂರಲಾಗಲಿಲ್ಲ. ಅಕ್ಕನಿಗೆ ಫೋನ್ ಮಾಡಿದೆ. ಹತ್ತು ಗಂಟೆ ದಾಟಿತ್ತು, ಅವಳಿಗೆ ನಿದ್ದೆ. "ಅಕ್ಕಾ, ಆ ನೋಟ್‌ಬುಕ್ಕಲ್ಲಿ ಎಷ್ಟು ಹಾಡು ಇತ್ತು?" ಅಂದೆ. ಯಾವ ನೋಟ್‌ಬುಕ್ ಅಂತ ಅವಳು ಕೇಳಲಿಲ್ಲ.

"ನೂರ ಹನ್ನೆರಡು" ಅಂದಳು, ಫೋನ್ ಇಟ್ಟಳು.