ಗುರುವಾರ ಮಾತ್ರ, ಹತ್ತೇ ಟೋಕನ್

ಪಶ್ಚಿಮ ಆಫ್ರಿಕಾದ ಗ್ಯಾಂಬಿಯಾ ನಮ್ಮ ಬೆಳಗಾವಿ ಜಿಲ್ಲೆಗಿಂತ ಚಿಕ್ಕ ದೇಶ. ಒಂದು ನದಿ, ಅದರ ಎರಡು ದಡ, ಅಷ್ಟೇ. ಆದರೆ ಮರಬೂಗಳಿಗೆ ಅಲ್ಲಿ ಬರವಿಲ್ಲ. ಮರಬೂ ಎಂದರೆ ಮಕ್ಕಳಿಗೆ ಕುರಾನ್ ಕಲಿಸುವ ಗುರುವೂ ಹೌದು, ತಾಯತ ಕಟ್ಟುವ ಫಕೀರನೂ ಹೌದು. ಮರದ ಹಲಗೆಯ ಮೇಲೆ ಮಸಿಯಲ್ಲಿ ಸಾಲುಗಳನ್ನು ಬರೆದು, ಅದನ್ನು ತೊಳೆದ ಕಪ್ಪು ನೀರನ್ನು ಕುಡಿಯಲು ಕೊಡುತ್ತಾರೆ. ಚೀಟಿ ಬರೆದುಕೊಟ್ಟರೆ ಚರ್ಮದ ಕೆಲಸದವನು ಪುಟ್ಟ ಚೀಲದೊಳಗಿಟ್ಟು ಹೊಲಿಯುತ್ತಾನೆ. ಕುಸ್ತಿಯವನ ತೋಳಿಗೂ ಅದೇ, ಪರೀಕ್ಷೆಗೆ ಕೂರುವ ಹುಡುಗನ ಸೊಂಟಕ್ಕೂ ಅದೇ.

ನಗಬೇಡಿ. ಗುರುವಾರ ಸಂಜೆ ದರ್ಗಾದ ಮುಂದೆ ಮಗುವನ್ನೆತ್ತಿಕೊಂಡು ನವಿಲುಗರಿಯ ಗಾಳಿಗೆ ಸಾಲು ನಿಲ್ಲುವ ಊರಿನವರು ನಾವು. ಅಲ್ಲಿಯೂ ಇಲ್ಲಿಯೂ ಈ ವ್ಯವಹಾರದಲ್ಲಿ ಒಂದು ದೊಡ್ಡ ಅನುಕೂಲವಿದೆ. ಒಬ್ಬರ ತಾಯತ ಕೆಲಸ ಮಾಡದಿದ್ದರೆ ಪಕ್ಕದೂರಿನವರ ಹತ್ತಿರ ಹೋಗಬಹುದು. 'ಅವರಿಗೆ ಕೈಗುಣ ಇಲ್ಲ ಬಿಡಿ' ಎಂದು ಕಟ್ಟೆಯ ಮೇಲೆ ಕೂತು ಬಾಯ್ತುಂಬ ಆಡಿಕೊಳ್ಳಬಹುದು.

2007ರ ಜನವರಿಯಲ್ಲಿ ಗ್ಯಾಂಬಿಯಾದ ಜನರಿಗೆ ಈ ಅನುಕೂಲ ತಪ್ಪಿತು. ದೇಶದ ಅಧ್ಯಕ್ಷರೇ ಅಂಗಡಿ ತೆರೆದರು.

ಅಧ್ಯಕ್ಷರ ಹೆಸರು ಯಾಹ್ಯಾ ಜಾಮೆ. 1994ರಲ್ಲಿ, 29ರ ವಯಸ್ಸಿನಲ್ಲಿ, ಲೆಫ್ಟಿನೆಂಟ್ ಆಗಿದ್ದಾಗ ದಂಗೆಯೆದ್ದು ಗದ್ದುಗೆ ಹಿಡಿದವರು. ಆಮೇಲೆ ಸಮವಸ್ತ್ರ ಹೋಗಿ ಬಿಳಿ ನಿಲುವಂಗಿ ಬಂತು, ಕೈಗೆ ಕುರಾನ್, ಜಪಮಣಿ, ಕೋಲು ಬಂದವು. ಹೆಸರು ಜಾಮೆ ಆದದ್ದಕ್ಕೋ ಏನೋ ಬಿರುದುಗಳು ಒಂದೊಂದಾಗಿ ಜಮೆಯಾಗುತ್ತ ಹೋದವು: ಷೇಕ್, ಪ್ರೊಫೆಸರ್, ಅಲ್‌ಹಾಜಿ, ಡಾಕ್ಟರ್. ಕೊನೆಗೆ 'ಬಬಿಲಿ ಮನ್ಸಾ', ಅಂದರೆ ನದಿಗೆ ಸೇತುವೆ ಕಟ್ಟುವ ಅರಸ, ಎಂಬುದೂ ಸೇರಿತು. ಆ ಮಹಾನದಿಗೆ ಸೇತುವೆ ಉದ್ಘಾಟನೆಯಾದದ್ದು ಅರಸರು ದೇಶ ಬಿಟ್ಟು ಎರಡು ವರ್ಷ ಕಳೆದ ಮೇಲೆ, 2019ರಲ್ಲಿ. ಅಲ್ಲಿಯವರೆಗೆ ಪ್ರಜೆಗಳು ಫೆರಿಗೆ ಕಾಯುತ್ತ ದಡದಲ್ಲಿ ಬಿರುದಿನ ಅರ್ಥವನ್ನು ಧ್ಯಾನಿಸಿದರು.

ಹೊಸ ಅಂಗಡಿಯ ಬೋರ್ಡು ಹೀಗಿತ್ತು: ಏಡ್ಸ್ ಗುಣಪಡಿಸಲಾಗುವುದು. ಗುರುವಾರ ಮಾತ್ರ. ವಾರಕ್ಕೆ ಹತ್ತೇ ರೋಗಿಗಳು. ಅಪ್ಪಣೆ ಬಂದಿರುವುದೇ ಅಷ್ಟಕ್ಕೆ, ತಾವೇನು ಮಾಡಲಿ ಎಂದರು ಅಧ್ಯಕ್ಷರು. ಮೇಲಿನವನ ಕಚೇರಿಯಲ್ಲೂ ಕೋಟಾ ಇದೆ ಎಂದು ತಿಳಿದದ್ದು ಆಗಲೇ.

ಸರ್ಕಾರಿ ಟೀವಿಯಲ್ಲಿ ಚಿಕಿತ್ಸೆ ತೋರಿಸುತ್ತಿದ್ದರು. ಅಧ್ಯಕ್ಷರು ನಿಲುವಂಗಿಯ ಜೇಬಿನಿಂದ ಪ್ಲಾಸ್ಟಿಕ್ ಡಬ್ಬಿ ತೆಗೆದು, ಕಣ್ಣು ಮುಚ್ಚಿ ಪ್ರಾರ್ಥಿಸಿ, ರೋಗಿಯ ಪಕ್ಕೆಗೆ ಹಸಿರು ಲೇಪ ಹಚ್ಚುವರು. ಆಮೇಲೆ ಕಹಿಯಾದ ಹಳದಿ ಕಷಾಯ. ಅದರ ಮೇಲೆ ಎರಡು ಬಾಳೆಹಣ್ಣು. ಹಿತ್ತಲ ಗಿಡ ಮದ್ದಲ್ಲ ಎನ್ನುತ್ತಾರಲ್ಲ, ಅರಮನೆಯ ಹಿತ್ತಲಿಗೆ ಆ ಗಾದೆ ಅನ್ವಯಿಸುವುದಿಲ್ಲ. ಪಥ್ಯ ಒಂದಿತ್ತು: ಆಸ್ಪತ್ರೆಯಲ್ಲಿ ಕೊಟ್ಟ ಏಡ್ಸ್ ಮಾತ್ರೆಗಳನ್ನು ನಿಲ್ಲಿಸಬೇಕು. ಓದಿದ ಡಾಕ್ಟರೇ ಆಗಿದ್ದ ಆರೋಗ್ಯ ಮಂತ್ರಿ ತಲೆಯಾಡಿಸಿದರು. ಕುತ್ತಿಗೆಗೆ ಸ್ಟೆತಾಸ್ಕೋಪ್ ಹಾಕಿಕೊಂಡವರ ಬೆನ್ನುಮೂಳೆಯ ಬಗ್ಗೆ ಅವತ್ತೇ ಒಂದು ಎಕ್ಸ್‌ರೇ ತೆಗೆಸಬಹುದಿತ್ತು.

ಇದನ್ನು ಪ್ರಶ್ನಿಸಿದ ವಿಶ್ವಸಂಸ್ಥೆಯ ಅಧಿಕಾರಿಗೆ ದೇಶ ಬಿಡಲು 48 ಗಂಟೆ ಸಿಕ್ಕಿತು. ಟೀವಿ ಕ್ಯಾಮೆರಾದ ಮುಂದೆ ಕೂರಿಸಲ್ಪಟ್ಟ ರೋಗಿಗೆ ಅಷ್ಟೂ ಸಿಗಲಿಲ್ಲ. 'ಹೇಗಿದ್ದೀರಿ?' ಎಂದು ಕೇಳುತ್ತಿರುವುದು ಸೈನ್ಯದ ದಂಡನಾಯಕರೂ ಆದ ಅಧ್ಯಕ್ಷರು. 'ಗುಣ ಕಂಡಿಲ್ಲ ಸ್ವಾಮಿ' ಎಂದರೆ ಅದು ರೋಗಲಕ್ಷಣವೋ ರಾಜದ್ರೋಹವೋ? ಎಲ್ಲರೂ ಗುಣವಾದರು. ಕೆಲವರು ಗುಣವಾದ ಮೇಲೆ ಸತ್ತರು. ಬದುಕುಳಿದವರಲ್ಲಿ ಮೂವರು 2018ರಲ್ಲಿ ಕೋರ್ಟಿಗೆ ಹೋದರು.

ಮಾಟಗಾರ ವೈದ್ಯ ಎಂದು ಯಾರೋ ಕರೆದಾಗ ಜಾಮೆ ಸಿಟ್ಟಾಗಿದ್ದರು. ಹಾಗೊಂದು ಜಾತಿಯೇ ಇಲ್ಲ, ಒಂದೋ ಮಾಟಗಾರ, ಇಲ್ಲವೋ ವೈದ್ಯ ಎಂದು ವಾದಿಸಿದ್ದರು. ತಾವು ವೈದ್ಯರೆಂದು ತೀರ್ಮಾನವಾದ ಮೇಲೆ ಮಾಟಗಾರರು ಬೇರೆಲ್ಲೋ ಇರಲೇಬೇಕಲ್ಲ? 2009ರಲ್ಲಿ ಗಿನಿ ದೇಶದಿಂದ ಬಂದರೆನ್ನಲಾದ ಮಂತ್ರವಾದಿಗಳು ಪೊಲೀಸರ, ಸೈನಿಕರ ಕಾವಲಿನಲ್ಲಿ ಹಳ್ಳಿಹಳ್ಳಿಗೆ ನುಗ್ಗಿದರು. ಹೆಚ್ಚಿನವರು ವಯಸ್ಸಾದವರೇ, ಸಾವಿರದಷ್ಟು ಜನರನ್ನು ಹಿಡಿದೊಯ್ದು ಅಮಲಿನ ಕಷಾಯ ಕುಡಿಸಿ 'ಹೌದು, ನಾನೇ ಮಾಟ ಮಾಡಿದೆ' ಎನ್ನಿಸಿದರು ಎಂದು ಮಾನವ ಹಕ್ಕುಗಳ ಸಂಸ್ಥೆ ಆಮ್ನೆಸ್ಟಿ ಬರೆಯಿತು. ಕುಡಿದವರಲ್ಲಿ ಸತ್ತವರಿದ್ದಾರೆ. ಈ ಭಾಗಕ್ಕೆ ನನ್ನ ಹತ್ತಿರ ಹಾಸ್ಯವಿಲ್ಲ.

ನಿಜವಾದ ಗುರುಗಳು ಏನು ಮಾಡುತ್ತಿದ್ದರು ಎಂದು ಕೇಳುವಿರಿ. ಕೆಲವರು ಅರಮನೆಯ ಊಟದ ಸಾಲಿನಲ್ಲಿದ್ದರು, ಎಲ್ಲ ಕಡೆ ಇರುವಂತೆ. 2012ರಲ್ಲಿ ಒಂಬತ್ತು ಕೈದಿಗಳನ್ನು ಗಲ್ಲಿಗೆ ಬದಲು ಗುಂಡಿಗೆ ಒಪ್ಪಿಸಿದಾಗ ಇಮಾಮ್ ಬಾಬಾ ಲೀ ಇದು ಇಸ್ಲಾಮಿಗೆ ಸಲ್ಲದು ಎಂದರು. ಅವರಿಗೆ ಐದು ತಿಂಗಳಿಗೂ ಹೆಚ್ಚು ಕಾಲ ಸೆರೆ. ದೇಶದಲ್ಲಿ ಪವಿತ್ರ ಪುರುಷರ ಹುದ್ದೆ ಒಂದೇ ಇತ್ತು, ಅದು ಭರ್ತಿಯಾಗಿತ್ತು.

ದೇವರು ಬಯಸಿದರೆ ನೂರು ಕೋಟಿ ವರ್ಷ ಆಳುತ್ತೇನೆ ಎಂದೂ ಜಾಮೆ ಬಿಬಿಸಿಗೆ ಹೇಳಿದ್ದರು. ಆಳಿದ್ದು 22.

ಗ್ಯಾಂಬಿಯಾದಲ್ಲಿ ಮತ ಹಾಕುವುದು ಗೋಲಿಯಿಂದ. ಒಬ್ಬೊಬ್ಬ ಅಭ್ಯರ್ಥಿಗೂ ಒಂದೊಂದು ಬಣ್ಣದ ಡ್ರಮ್ಮು, ಮೇಲೊಂದು ಕೊಳವೆ. ಗಾಜಿನ ಗೋಲಿ ಬಿಟ್ಟರೆ ಒಳಗಿನ ಗಂಟೆಗೆ ತಾಗಿ 'ಟಿಂಗ್' ಎನ್ನುತ್ತದೆ. ಎರಡು ಟಿಂಗ್ ಕೇಳಿಸಿದರೆ ಕಳ್ಳವೋಟು. ಜಾಮೆಯವರದು ಹಸಿರು ಡ್ರಮ್ಮು, ಲೇಪದ ಬಣ್ಣವೇ. ಎದುರಾಳಿ ಅದಾಮಾ ಬಾರೋ ಹಿಂದೊಮ್ಮೆ ಲಂಡನ್ನಿನ ಅಂಗಡಿಯಲ್ಲಿ ಸೆಕ್ಯೂರಿಟಿ ಗಾರ್ಡ್ ಆಗಿದ್ದವರು. ಬಿರುದು ಒಂದೂ ಇಲ್ಲ.

ಮತದಾನ ನಡೆದದ್ದು 2016ರ ಡಿಸೆಂಬರ್ 1ರಂದು. ಕ್ಯಾಲೆಂಡರ್ ತೆಗೆದು ನೋಡಿದೆ, ಅವತ್ತು ಗುರುವಾರ. ಟೋಕನ್ ಮಿತಿ ಇರಲಿಲ್ಲ.